ದಕ್ಷಿಣ ಆಫ್ರಿಕಾಕ್ಕೆ ಮೂರು ರಾಜಧಾನಿ ಯಾಕೆ?

ಎಲ್ಲವನ್ನೂ ಒಂದೇ ಊರಿಗೆ ಬಿಟ್ಟುಕೊಡಲು ಉಳಿದವರು ಒಪ್ಪಲಿಲ್ಲ, ಅದಕ್ಕೇ.

1910ರಲ್ಲಿ ಬ್ರಿಟಿಷರ ಕೈಕೆಳಗಿದ್ದ ನಾಲ್ಕು ವಸಾಹತುಗಳು ಸೇರಿ ಈ ದೇಶವಾಯಿತು. ಅವುಗಳಲ್ಲಿ ಎರಡು ಬೋಯರರದು, ಅಂದರೆ ಹೆಚ್ಚಾಗಿ ಡಚ್ ಮೂಲದ ರೈತರದು. ಅವರು 1902ರಲ್ಲಷ್ಟೇ ಬ್ರಿಟಿಷರಿಗೆ ಸೋತಿದ್ದರು, ಗಾಯ ಇನ್ನೂ ಹಸಿ. ರಾಜಧಾನಿ ಬ್ರಿಟಿಷರ ಕಡೆಯ ಕೇಪ್ ಟೌನ್‌ಗೆ ಹೋದರೆ ಬೋಯರರಿಗೆ ಸಿಟ್ಟು, ಬೋಯರರ ಪ್ರಿಟೋರಿಯಾಕ್ಕೆ ಹೋದರೆ ಬ್ರಿಟಿಷರ ಕಡೆಯವರಿಗೆ. ಕೊನೆಗೆ ಹಂಚಿಕೊಂಡರು. ಸಂಸತ್ತು ಕೇಪ್ ಟೌನ್‌ಗೆ, ಆಡಳಿತ ಪ್ರಿಟೋರಿಯಾಕ್ಕೆ, ಮೇಲ್ಮನವಿ ನ್ಯಾಯಾಲಯ ಇನ್ನೊಂದು ಬೋಯರ್ ವಸಾಹತಿನ ಬ್ಲೂಮ್‌ಫಾಂಟೈನ್‌ಗೆ. ನಾಲ್ಕನೇ ವಸಾಹತು ನಟಾಲ್‌ನ ಪೀಟರ್‌ಮಾರಿಟ್ಸ್‌ಬರ್ಗ್‌ಗೆ ಸಿಕ್ಕಿದ್ದು ಬರೀ ಪರಿಹಾರದ ದುಡ್ಡು!

ನಮ್ಮ ಕಡೆಯವರಿಗೆ ಇದೇನು ಹೊಸದಲ್ಲ ಬಿಡಿ. ಹುಬ್ಬಳ್ಳಿ-ಧಾರವಾಡ ಅವಳಿ ನಗರಗಳೇ ಆದರೂ ಜಿಲ್ಲಾಧಿಕಾರಿ ಕಚೇರಿ, ಹೈಕೋರ್ಟ್ ಪೀಠ ಧಾರವಾಡದಲ್ಲಿ, ನೈಋತ್ಯ ರೈಲ್ವೆಯ ಕೇಂದ್ರ ಕಚೇರಿ ಹುಬ್ಬಳ್ಳಿಯಲ್ಲಿ. ಆದರೆ ಇಲ್ಲಿ ಬಸ್ ಹತ್ತಿ ಸುಮಾರು 20 ಕಿ.ಮೀ. ಹೋದರೆ ಆಯ್ತು. ಅಲ್ಲಿ ಪ್ರಿಟೋರಿಯಾದಿಂದ ಕೇಪ್ ಟೌನ್‌ಗೆ ರಸ್ತೆಯಲ್ಲಿ 1,400 ಕಿ.ಮೀ.ಗಿಂತ ಜಾಸ್ತಿ. ಮಂತ್ರಿಗಳಿಗೆ ಎರಡೂ ಕಡೆ ಓಡಾಟ, ಖರ್ಚೂ ಜಾಸ್ತಿ.

ಇನ್ನೊಂದು ತಮಾಷೆ: ಈಗಿನ ಅತ್ಯುನ್ನತ ನ್ಯಾಯಾಲಯ ಈ ಮೂರರಲ್ಲೂ ಇಲ್ಲ, ಜೊಹಾನ್ಸ್‌ಬರ್ಗ್‌ನಲ್ಲಿದೆ.