ಹುಡುಕುತ್ತಿರುವ ಲೇಖಕ ಬೇರೆ, ಸಿಕ್ಕಿದ ಪುಸ್ತಕ ಬೇರೆ

'ಅರಣ್ಯಾಧಿಕಾರಿಯಾಗಿದ್ದ ಫಿನ್ನಿಶ್ ಹಾಸ್ಯ ಕಾದಂಬರಿಕಾರ' ಅಂತ ಹುಡುಕಿದರೆ ಮೊಲದ ಕಥೆ ಸಿಕ್ತು, ನಿಮಗೆ ಬೇಕಿದ್ದ ಕಾಡಿನ ತತ್ತ್ವಜ್ಞಾನಿಯ ಕಾದಂಬರಿ ಸಿಗಲಿಲ್ಲ ಅಂದಿದ್ದೀರಿ. ಬಹುಶಃ ಇಬ್ಬರು ಲೇಖಕರು ಕಲಸಿಹೋಗಿದ್ದಾರೆ. ಮೊಲದ ಕಾದಂಬರಿ (1975) ಆರ್ಟೊ ಪಾಸಿಲಿನ್ನಾ ಅವರದು, ಅವರು ಪತ್ರಕರ್ತರು. ನಿಮಗೆ ಬೇಕಾದವರು ವೇಯ್ಕೊ ಹುವೊವಿನೆನ್ (1927–2009). ಅರಣ್ಯಶಾಸ್ತ್ರ ಓದಿ, ಕೆಲವು ವರ್ಷ ಆ ಕೆಲಸ ಮಾಡಿ, ಆಮೇಲೆ ಬರವಣಿಗೆಯನ್ನೇ ನೆಚ್ಚಿಕೊಂಡವರು. ಬದುಕಿದ್ದು ಫಿನ್ಲೆಂಡಿನ ಕೈನು ಪ್ರದೇಶದ ಸೊಟ್ಕಮೊದಲ್ಲಿ.

ಮೊದಲು ಹೆಸರು ಸರಿಮಾಡಿಕೊಳ್ಳಿ. ಇಂಗ್ಲಿಷ್ ಅಕ್ಷರದಲ್ಲಿ (Veikko Huovinen) ಎಚ್ ಆದಮೇಲೆ ಯು, ಓ ಎರಡೂ ಬೇಕು. ಓ ಬಿಟ್ಟುಹೋದರೆ ಗ್ರಂಥಾಲಯದ ಕ್ಯಾಟಲಾಗ್ ಕೈಕೊಡಬಹುದು. ವೇಯ್ಕೊದಲ್ಲಿ ಕೆ ಎರಡು.

ಆಮೇಲೆ ಅವರ ಕಾದಂಬರಿ 'ಹವುಕ್ಕಾ-ಅಹೊನ್ ಅಯಟ್ಟೆಲಿಯಾ' (Havukka-ahon ajattelija, 1952) ಹುಡುಕಿ, ನಡುವಿನ ಅಡ್ಡಗೆರೆ ಸಮೇತ. ಕಾನ್‌ಸ್ಟಾ ಪಿಲ್ಕ್ಯಾನೆನ್ ಅನ್ನೋ ಹಳ್ಳಿಗ, ಸಂಶೋಧನೆಗೆ ಕಾಡಿಗೆ ಬಂದ ಇಬ್ಬರು ಪದವೀಧರರ ಜೊತೆ ಸುತ್ತುತ್ತಾ ಲೋಕದ ಎಲ್ಲದರ ಬಗ್ಗೆಯೂ ತಲೆ ಕೆಡಿಸಿಕೊಳ್ಳುತ್ತಾನೆ. ನೀವು ಹೇಳಿದ ತತ್ತ್ವಜ್ಞಾನಿ ಇವನೇ ಇರಬೇಕು. ಇದರ ನಗು ಇರೋದು ಕೈನು ಆಡುಮಾತಿನಲ್ಲಿ, ಅನುವಾದದಲ್ಲಿ ಮೊದಲು ಸೋರಿಹೋಗೋದೂ ಅದೇ.

ಫಿನ್ನಿಶ್ ಬರಲ್ಲ ಅಂದರೆ ಸಿನಿಮಾದಿಂದ ಶುರುಮಾಡಿ. ಹುವೊವಿನೆನ್ ಅವರದೇ 1980ರ ಕಾದಂಬರಿ ಆಧರಿಸಿ ಮಾರ್ಕು ಪೊಲೊನೆನ್ 2004ರಲ್ಲಿ ತೆಗೆದ ಚಿತ್ರದ ಇಂಗ್ಲಿಷ್ ಹೆಸರು 'ಡಾಗ್ ನೇಲ್ ಕ್ಲಿಪರ್'. ಯುದ್ಧದಲ್ಲಿ ತಲೆಗೆ ಪೆಟ್ಟಾದವನೊಬ್ಬ, ಎಲ್ಲೋ ದೂರದ ನಾಯಿಯ ಬೆಳೆದ ಉಗುರು ಕತ್ತರಿಸೋಕೆ ಹೊರಡ್ತಾನೆ, ಅಷ್ಟೇ ಕಥೆ. ಆದರೆ ಇದರಲ್ಲಿ ನಗುವಿಗಿಂತ ನೋವೇ ಜಾಸ್ತಿ. ಕೊಳ್ಳುವಾಗ ಸಬ್‌ಟೈಟಲ್ ಇದೆಯಾ ನೋಡಿಕೊಳ್ಳಿ.