ಜೆರೋಮ್ ಟೌನ್‌ಶಿಪ್‌ಗೆ ಬರುವ ಮುಂಚೆ

ನಮಸ್ಕಾರ. ಮೇರಿಸ್‌ವಿಲ್ ಹತ್ತಿರದ ಕಾರ್ಖಾನೆಯಲ್ಲಿ ಕೆಲಸ ಸಿಕ್ಕಿದೆ, ಓಹಾಯೋದ ಜೆರೋಮ್ ಟೌನ್‌ಶಿಪ್‌ನಲ್ಲಿ ಬಾಡಿಗೆ ಮನೆ ನೋಡುತ್ತಿದ್ದೇವೆ, ಅದು ಎಂಥ ಜಾಗ, ಜನ ಹೇಗೆ, ಹೆಂಡತಿ ಮಗುವಿಗೆ ಬೇಜಾರಾಗುತ್ತಾ ಅಂತ ಕೇಳಿದ್ದೀರಿ. ಕುದುರೆಮುಖದ ಟೌನ್‌ಶಿಪ್ ತರಹ ಕ್ವಾರ್ಟರ್ಸು, ಅಂಗಡಿ ಸಾಲು ಇರುತ್ತದಾ ಅಂತಲೂ ಕೇಳಿದ್ದೀರಿ. ನಾನು ಈ ಕಡೆಯವನೇ ಆಗಿಬಿಟ್ಟಿದ್ದೇನೆ, ಹಾಗಾಗಿ ಸ್ವಲ್ಪ ಉದ್ದಕ್ಕೇ ಬರೆಯುತ್ತೇನೆ.

ಮೊದಲು ಕುದುರೆಮುಖ ಮರೆತುಬಿಡಿ. ಓಹಾಯೋದಲ್ಲಿ ಟೌನ್‌ಶಿಪ್ ಅಂದರೆ ಹೆಚ್ಚುಕಡಿಮೆ ನಮ್ಮ ಗ್ರಾಮ ಪಂಚಾಯಿತಿ. ಕೌಂಟಿ ಅಂದರೆ ನಮ್ಮ ಜಿಲ್ಲೆಯ ಹಾಗೆ, ಅದರ ಒಂದು ತುಂಡು. ಮೂವರು ಟ್ರಸ್ಟಿಗಳು, ಲೆಕ್ಕಪತ್ರಕ್ಕೆ ಒಬ್ಬರು, ಎಲ್ಲರನ್ನೂ ನಾಲ್ಕು ವರ್ಷಕ್ಕೆ ಜನರೇ ಆರಿಸುತ್ತಾರೆ. ಸಣ್ಣ ರಸ್ತೆಗಳು, ಸ್ಮಶಾನಗಳು, ಬೆಂಕಿ ನಂದಿಸುವ ದಳ, ಯಾವ ಜಮೀನಿನಲ್ಲಿ ಏನು ಕಟ್ಟಬಹುದು ಅನ್ನುವ ಝೋನಿಂಗ್, ಇಷ್ಟು ಇವರ ಕೆಲಸ. ಇಂಥವು ರಾಜ್ಯದಲ್ಲಿ 1300ಕ್ಕೂ ಜಾಸ್ತಿ ಇವೆ. ಪೇಟೆ ಅಂತ ಒಂದು ನಡುಮಧ್ಯ ಇರಲೇಬೇಕೆಂದಿಲ್ಲ. ಜೆರೋಮ್‌ನಲ್ಲಿ ನ್ಯೂ ಕ್ಯಾಲಿಫೋರ್ನಿಯಾ ಅಂತ ಒಂದು ಪುಟ್ಟ ಊರಿದೆ. ಹೆಸರು ನೋಡಿ ಹಿಗ್ಗಬೇಡಿ. ಕಾರಿನಲ್ಲಿ ಬಂದರೆ ಊರು ಬಂತು ಅನ್ನುವಷ್ಟರಲ್ಲಿ ಮುಗಿದಿರುತ್ತದೆ.

ಜಾಗ ಎಲ್ಲಿ ಅಂದರೆ, ಕೊಲಂಬಸ್‌ನಿಂದ ವಾಯವ್ಯಕ್ಕೆ, ಯೂನಿಯನ್ ಕೌಂಟಿಯ ಆಗ್ನೇಯ ಮೂಲೆ. ಕೌಂಟಿ ಆಗಿದ್ದು 1820ರಲ್ಲಿ, ಟೌನ್‌ಶಿಪ್ ಅದರ ಮರುವರ್ಷ. ಒಂದು ಕಡೆ ಕೊಲಂಬಸ್‌ನ ಉಪನಗರ ಡಬ್ಲಿನ್, ಇನ್ನೊಂದು ಕಡೆ ಪ್ಲೇನ್ ಸಿಟಿ ಅನ್ನುವ ಸಣ್ಣ ಊರು. 33ನೇ ಹೆದ್ದಾರಿ ಹಿಡಿದರೆ ನೇರ ಮೇರಿಸ್‌ವಿಲ್. ನೆಲ ಸಪಾಟು. ಹಿಮಯುಗದ ಹಿಮರಾಶಿ ಉಜ್ಜಿ ಹೋದ ಬಯಲು ಇದು. ಮಣ್ಣು ಜಿಗುಟು, ನೀರು ಇಳಿಯುವುದಿಲ್ಲ. ಹೊಲಗಳ ಅಡಿಯಲ್ಲಿ ಕೊಳವೆ ಹೂತು ನೀರನ್ನು ಹಳ್ಳಕ್ಕೆ ಹರಿಸಿದ ಮೇಲೆಯೇ ಇಲ್ಲಿ ಮೆಕ್ಕೆಜೋಳ, ಸೋಯಾ ಚೆನ್ನಾಗಿ ಬಂದದ್ದು. ಅದಕ್ಕೆ ಮುಂಚೆ ವಲಸೆ ಬಂದವರು ಜೌಗಿನಲ್ಲಿ ಚಳಿಜ್ವರ ಬಂದು ನರಳಿದರು.

ರಸ್ತೆಗಳ ಬಗ್ಗೆ ಒಂದು ಮಾತು. ಅಮೆರಿಕದ ಹಳ್ಳಿಗಾಡಿನ ನಕ್ಷೆ ನೋಡಿದರೆ ಚದುರಂಗದ ಮಣೆ ಹಾಗೆ ಇರುತ್ತದೆ, ಅಲ್ವಾ? 1785ರ ಕಾನೂನಿನ ಪ್ರಕಾರ ಆರು ಮೈಲಿ ಉದ್ದ, ಆರು ಮೈಲಿ ಅಗಲಕ್ಕೆ ಅಳೆದು, ಒಂದೊಂದು ಚೌಕವನ್ನು 36 ತುಂಡು ಮಾಡಿ, 16ನೇ ತುಂಡನ್ನು ಶಾಲೆಗೆ ಬಿಟ್ಟರು. ಆ ಅಳತೆ ಶುರುವಾಗಿದ್ದೇ ಓಹಾಯೋದ ಪೂರ್ವ ಅಂಚಿನಲ್ಲಿ. ಆದರೆ ಜೆರೋಮ್‌ನಲ್ಲಿ ರಸ್ತೆಗಳು ಓರೆ ಓರೆ. ಕಾರಣ, ಸೈಯೋಟೊ ಮತ್ತು ಲಿಟಲ್ ಮಯಾಮಿ ನದಿಗಳ ನಡುವಿನ ಜಮೀನನ್ನು ವರ್ಜೀನಿಯಾ ರಾಜ್ಯ ಸ್ವಾತಂತ್ರ್ಯ ಯುದ್ಧದಲ್ಲಿ ಹೋರಾಡಿದ ತನ್ನ ಸೈನಿಕರಿಗೆ ಮೀಸಲಿಟ್ಟಿತ್ತು. ಇಲ್ಲಿ ಚೌಕದ ಲೆಕ್ಕವೇ ಇಲ್ಲ. ಈ ಓಕ್ ಮರದಿಂದ ಆ ಹಳ್ಳದವರೆಗೆ ಅಂತ ಗುರುತು ಹಾಕಿದರು. ಅಳೆಯಲು ಬಂದವರು ಕೂಲಿಯ ಬದಲು ಜಮೀನಿನಲ್ಲೇ ಪಾಲು ತೆಗೆದುಕೊಂಡು ದೊಡ್ಡವರಾದರು. ಎಷ್ಟೋ ಸೈನಿಕರು ತಮ್ಮ ಜಮೀನಿನ ಹಕ್ಕುಪತ್ರವನ್ನು ವ್ಯಾಪಾರಿಗಳಿಗೆ ಮಾರಿಕೊಂಡು ಈ ಕಡೆ ತಲೆಯನ್ನೇ ಹಾಕಲಿಲ್ಲ. ಜಮೀನಿನ ವ್ಯವಹಾರ ಎಲ್ಲಿ ಹೋದರೂ ಒಂದೇ ಅನ್ನಿ.

ಅವರಿಗೂ ಮುಂಚೆ ಈ ನೆಲ ಷಾನೀ, ಮಿಂಗೊ, ವಯಂಡಾಟ್ ಅನ್ನುವ ಮೂಲನಿವಾಸಿ ಜನರದ್ದು. 1795ರ ಗ್ರೀನ್‌ವಿಲ್ ಒಪ್ಪಂದದಲ್ಲಿ ಓಹಾಯೋದ ಹೆಚ್ಚಿನ ಭಾಗ ಅವರ ಕೈ ತಪ್ಪಿತು. 1843ರಲ್ಲಿ ವಯಂಡಾಟರೂ ಹೊರಟ ಮೇಲೆ ಅವರ ಬೀಡು ರಾಜ್ಯದಲ್ಲಿ ಉಳಿಯಲಿಲ್ಲ. ನಿಮ್ಮ ಮಗು ಹೋಗಬಹುದಾದ ಒಂದು ಶಾಲಾ ಡಿಸ್ಟ್ರಿಕ್ಟ್‌ನ (ಸರ್ಕಾರಿ ಶಾಲೆಗಳನ್ನು ನಡೆಸುವ ವಲಯ, ಮನೆ ಎಲ್ಲಿದೆ ಅನ್ನುವುದರ ಮೇಲೆ ಅದು ಗೊತ್ತಾಗುತ್ತದೆ) ಹೆಸರು ಜೊನಾಥನ್ ಆಲ್ಡರ್. ಯಾರಪ್ಪ ಇವನು ಅಂತ ನೀವೂ ಕೇಳುತ್ತೀರಿ. 1782ರಲ್ಲಿ ವರ್ಜೀನಿಯಾದಲ್ಲಿ ಮೂಲನಿವಾಸಿಗಳು ಹಿಡಿದು ತಂದ ಪುಟ್ಟ ಹುಡುಗ. ಒಂದು ಮಿಂಗೊ ಕುಟುಂಬ ಅವನನ್ನು ಮಗನಾಗಿ ಸಾಕಿತು. ಇಂಗ್ಲಿಷ್ ಹೆಚ್ಚುಕಡಿಮೆ ಮರೆತೇ ಹೋಯಿತು. ದೊಡ್ಡವನಾದ ಮೇಲೆ ಹೋಗಿ ಹೆತ್ತ ತಾಯಿಯನ್ನು ಕಂಡ, ಆದರೆ ನೆಲೆ ನಿಂತದ್ದು ಬಿಗ್ ಡಾರ್ಬಿ ಹಳ್ಳದ ದಡದಲ್ಲೇ. 1849ರಲ್ಲಿ ಇಲ್ಲಿಯೇ ತೀರಿಕೊಂಡ. ಈ ಕಡೆಯ ಚರಿತ್ರೆಯಲ್ಲಿ ನನಗೆ ತುಂಬಾ ಇಷ್ಟವಾದ ಮನುಷ್ಯ ಇವನೇ.

ಬಿಗ್ ಡಾರ್ಬಿಯನ್ನು ಹಳ್ಳ ಅಂತ ಹಗುರವಾಗಿ ನೋಡಬೇಡಿ. ಪ್ಲೇನ್ ಸಿಟಿಯನ್ನು ಹಾದು ಹೋಗುತ್ತದೆ. 1994ರಲ್ಲಿ ಕೇಂದ್ರ ಸರ್ಕಾರ ಅದಕ್ಕೆ ರಾಷ್ಟ್ರೀಯ ರಕ್ಷಣೆ ಕೊಟ್ಟಿತು. ಸೈಯೋಟೊ ಮ್ಯಾಡ್‌ಟಮ್ ಅಂತ ಒಂದು ಪುಟ್ಟ ಮೀಸೆ ಮೀನು ಜಗತ್ತಿನಲ್ಲಿ ಈ ಹಳ್ಳದಲ್ಲಿ ಮಾತ್ರ ಸಿಕ್ಕಿತ್ತು. 1957ರ ನಂತರ ಕಾಣಲಿಲ್ಲ, 2023ರಲ್ಲಿ ಅಳಿದೇ ಹೋಯಿತು ಅಂತ ಘೋಷಿಸಿದರು. ಒಂದು ಕಾಲಕ್ಕೆ ಈ ಕಡೆ ಇದ್ದ ಹುಲ್ಲುಗಾವಲಿನ ಕಥೆಯೂ ಅಷ್ಟೇ. ಪಕ್ಕದ ಮ್ಯಾಡಿಸನ್ ಕೌಂಟಿಯಲ್ಲಿ ಬಿಗೆಲೊ ಸ್ಮಶಾನ ಅಂತ ಅರ್ಧ ಎಕರೆ ಜಾಗವಿದೆ. ಸುತ್ತ ನಾಲ್ಕೂ ಕಡೆ ಸೋಯಾ ಅಥವಾ ಮೆಕ್ಕೆಜೋಳ. ಹೆಣ ಹೂತ ನೆಲ ಅಂತ ಯಾರೂ ನೇಗಿಲು ಹಾಕಲಿಲ್ಲ, ಹಾಗಾಗಿ ಹಳೆಯ ಹುಲ್ಲು ಅಲ್ಲಿ ಉಳಿದುಕೊಂಡಿದೆ. ಬೇಸಿಗೆ ಕೊನೆಗೆ ಆಳೆತ್ತರ ಬೆಳೆಯುತ್ತದೆ. ಜುಲೈನಲ್ಲಿ ಕಲ್ಲುಗಳ ನಡುವೆ ಕೆಂಡದ ಬಣ್ಣದ ಹೂ ಬಿಡುತ್ತದೆ. ಕಲ್ಲಿನ ಮೇಲಿನ ಹೆಸರು ಓದಬೇಕಾದರೆ ಹುಲ್ಲು ಸರಿಸಬೇಕು. ಮಗುವನ್ನು ಕರೆದುಕೊಂಡು ಒಂದು ಸಲ ಹೋಗಿ ಬನ್ನಿ, ಫುಲ್ ಪ್ಯಾಂಟ್ ಹಾಕಿಸಿ. ರಕ್ತ ಹೀರುವ ಉಣ್ಣಿಯ ಕಾಟ ಇಲ್ಲೂ ಇದೆ.

ಜನರ ವಿಷಯಕ್ಕೆ ಬರುತ್ತೇನೆ. ಹಳಬರಲ್ಲಿ ಜರ್ಮನ್, ಸ್ಕಾಟಿಷ್, ಐರಿಷ್ ಮೂಲದವರು ಜಾಸ್ತಿ. 1896ರಿಂದ ಪ್ಲೇನ್ ಸಿಟಿ ಸುತ್ತ ಆಮಿಷ್ ಜನ, ಅಂದರೆ ಕಾರು ಇಟ್ಟುಕೊಳ್ಳದೆ ಹಳೆಯ ರೀತಿಯಲ್ಲೇ ಬದುಕುವ ಒಂದು ಕ್ರೈಸ್ತ ಪಂಗಡದವರು, ಕುದುರೆ ಗಾಡಿ ಸಮೇತ ಇದ್ದರು. ಜಮೀನಿನ ಬೆಲೆ ಏರಿತು, ಒಬ್ಬೊಬ್ಬರಾಗಿ ಹೋದರು. ಈಗ ಉಳಿದವರು ಅವರಿಗೆ ಹತ್ತಿರದ ಪಂಗಡದ, ಕಾರು ಓಡಿಸುವ ಮೆನ್ನೊನೈಟರು. ಅವರ ಹೋಟೆಲಿನ ಪೈ ಚೆನ್ನಾಗಿರುತ್ತದೆ, ನಮ್ಮಂಥ ಸಸ್ಯಾಹಾರಿಗಳಿಗೆ ಅದೇ ಊಟ.

ಆಮೇಲೆ ಹೋಂಡಾ ಬಂತು. 1979ರಲ್ಲಿ ಮೇರಿಸ್‌ವಿಲ್ ಬಳಿ ಬೈಕು, 1982ರಲ್ಲಿ ಅಕಾರ್ಡ್ ಕಾರು. ಜಪಾನಿನ ಕಂಪನಿಯೊಂದು ಅಮೆರಿಕದಲ್ಲಿ ಕಾರು ಮಾಡಿದ್ದು ಅದೇ ಮೊದಲು. ಅದರ ಹಿಂದೆ ಬಿಡಿಭಾಗದ ಕಾರ್ಖಾನೆಗಳು, ಜಪಾನಿನವರು, ನಿಧಾನವಾಗಿ ನಾವು. ರೈತರ ಮಕ್ಕಳು ಶಿಫ್ಟ್ ಮುಗಿಸಿ ಸಂಜೆ ಟ್ರ್ಯಾಕ್ಟರ್ ಹತ್ತುತ್ತಾರೆ.

ಈಗಿನ ಜಗಳ ಏನಿದ್ದರೂ ಹೊಲಕ್ಕೂ ಮನೆಗೂ. ಡಬ್ಲಿನ್ ಕಡೆಯಿಂದ ಬಡಾವಣೆಗಳು ಹೊಲ ತಿನ್ನುತ್ತಾ ಬರುತ್ತಿವೆ. ಝೋನಿಂಗ್ ಬದಲಾಯಿಸಿದರೆ ಜನ ಸಹಿ ಸಂಗ್ರಹಿಸಿ ಅದನ್ನು ಮತಕ್ಕೆ ಹಾಕಿಸಬಹುದು. ಸಿಟ್ಟು ಬಂದಾಗ ಹಾಗೇ ಮಾಡುತ್ತಾರೆ. ಟ್ರಸ್ಟಿಗಳ ಸಭೆಗೆ ಯಾರು ಬೇಕಾದರೂ ಹೋಗಿ ಕೂರಬಹುದು. ನೀವು ಬಾಡಿಗೆಗೆ ಬರುವುದೂ ಅಂಥ ಹೊಸ ಮನೆಗಳಲ್ಲೊಂದಕ್ಕೇ. ಹಳಬರ ಗೊಣಗಾಟ ಕೇಳಿಸಿದರೆ ಅದು ನಿಮ್ಮ ಬಣ್ಣಕ್ಕಿಂತ ನಿಮ್ಮ ಬಡಾವಣೆಯ ಮೇಲೆ ಅಂತ ನನ್ನ ಅನುಭವ. ಎಲ್ಲರದ್ದೂ ಹೀಗೇ ಅಂತ ಹೇಳಲಾರೆ. ಸಣ್ಣ ರಸ್ತೆಯಲ್ಲಿ ಎದುರು ಬರುವ ಪಿಕಪ್ಪಿನವನು ಸ್ಟಿಯರಿಂಗ್ ಬಿಡದೆ ಒಂದು ಬೆರಳು ಎತ್ತುತ್ತಾನೆ. ನೀವೂ ಎತ್ತಿ. ಅಕ್ಟೋಬರ್‌ನಲ್ಲಿ ಕೊಯ್ಲಿನ ಯಂತ್ರ ರಸ್ತೆ ಪೂರ್ತಿ ತುಂಬಿಕೊಂಡು ಹೋಗುತ್ತಿದ್ದರೆ ಹಾರ್ನ್ ಮಾತ್ರ ಹೊಡೆಯಬೇಡಿ.

ಬೇಜಾರು ಆಗುತ್ತದೆ, ಸುಳ್ಳು ಹೇಳಲ್ಲ. ಜನವರಿ, ಫೆಬ್ರವರಿ ಕಷ್ಟ. ನಿಮ್ಮವರಿಗೆ ಡ್ರೈವಿಂಗ್ ಬರದಿದ್ದರೆ ಮನೆಯೇ ಜೈಲು, ಯಾಕೆಂದರೆ ಮನೆ ಮುಂದೆ ಬಸ್ಸಿಲ್ಲ. ಅವರಿಗೂ ಲೈಸೆನ್ಸ್ ಮಾಡಿಸುವುದನ್ನು ಮೊದಲ ಕೆಲಸ ಮಾಡಿಕೊಳ್ಳಿ. ಪವೆಲ್‌ನಲ್ಲಿ ಭಾರತೀಯ ಹಿಂದೂ ದೇವಸ್ಥಾನವಿದೆ, ದೂರವಿಲ್ಲ. ಡಬ್ಲಿನ್ ಕಡೆ ಕನ್ನಡದವರು ಸಿಗುತ್ತಾರೆ. ಹಳೆಯ ಮನೆ ನೋಡುತ್ತಿದ್ದರೆ ನೀರು ಬಾವಿಯದ್ದಾ ಅಂತ ಕೇಳಿ. ಇಲ್ಲಿಯ ಬಾವಿ ನೀರು ಗಡಸು, ಕೆಲವು ಕಡೆ ಕೊಳೆತ ಮೊಟ್ಟೆಯ ವಾಸನೆ. ಕಾಫಿ ಕೆಡುತ್ತದೆ.

ಇನ್ನೊಂದು ಮುಖ್ಯ ವಿಷಯ. ಟೌನ್‌ಶಿಪ್ ಒಂದೇ ಆದರೂ ಶಾಲಾ ಡಿಸ್ಟ್ರಿಕ್ಟ್ ಒಂದಲ್ಲ. ಡಬ್ಲಿನ್, ಮೇರಿಸ್‌ವಿಲ್, ಜೊನಾಥನ್ ಆಲ್ಡರ್, ಮೂರರ ಗಡಿಯೂ ಇಲ್ಲಿ ಹಾದುಹೋಗುತ್ತದೆ. ಬಾಡಿಗೆ ಏರುವುದೂ ಇಳಿಯುವುದೂ ಅದರ ಮೇಲೆ. ಅಗ್ರಿಮೆಂಟಿಗೆ ಸಹಿ ಹಾಕುವ ಮುಂಚೆ ಆ ಮನೆ ಯಾವ ಡಿಸ್ಟ್ರಿಕ್ಟಿಗೆ ಬರುತ್ತದೆ ಅಂತ ಕೌಂಟಿ ನಕ್ಷೆಯಲ್ಲಿ ನೋಡಿ, ಏಜೆಂಟ್ ಹೇಳಿದ್ದನ್ನಷ್ಟೇ ನಂಬಬೇಡಿ. ಗೊತ್ತಾಗದಿದ್ದರೆ ರಸ್ತೆ ಹೆಸರು ಕಳಿಸಿ, ನಾನೇ ನೋಡಿ ಹೇಳುತ್ತೇನೆ.