ಹುಡುಗಿಯರ ಕೈಲಿ ಅಸಿಸ್ಟೆಂಟ್ ಲೋಕೋ ಪೈಲಟ್ ಕೆಲಸ ಆಗುತ್ತಾ?

ನಿಮ್ಮ ತಂಗಿ ಎಲೆಕ್ಟ್ರಿಕಲ್ ಡಿಪ್ಲೊಮಾ ಮುಗಿಸಿ ರೈಲ್ವೆಯ ಅಸಿಸ್ಟೆಂಟ್ ಲೋಕೋ ಪೈಲಟ್ (ರೈಲು ಎಂಜಿನ್ ಓಡಿಸುವವರ ಸಹಾಯಕ) ಪರೀಕ್ಷೆ ಪಾಸಾಗಿದ್ದಾಳೆ, ಮೆಡಿಕಲ್ ಒಂದು ಬಾಕಿ ಇದೆ. ಮನೆಯಲ್ಲಿ "ಅದು ಗಂಡಸರ ಕೆಲಸ, ಅವಳ ಕೈಲಾಗಲ್ಲ" ಅನ್ನುತ್ತಿದ್ದಾರೆ. ಕಳಿಸಬಹುದಾ ಅಂತ ಕೇಳಿದ್ದೀರಿ. ನಾನು ಅದೇ ಕೆಲಸದಲ್ಲಿರುವವಳು.

ಕೈಲಾಗುತ್ತದೆ. ಮೈಬಲದ ಮಾತನ್ನು ಮೊದಲು ಮುಗಿಸಿಬಿಡೋಣ, ಎಲ್ಲರೂ ಅಲ್ಲೇ ಸಿಕ್ಕಿಹಾಕಿಕೊಳ್ಳುತ್ತಾರೆ. ಎಂಜಿನ್ನಿನ ಬ್ರೇಕನ್ನು ಯಾರೂ ತೋಳಿನ ಬಲದಿಂದ ಹಾಕುವುದಿಲ್ಲ, ಅದು ಗಾಳಿಯ ಒತ್ತಡದ ಕೆಲಸ. ವ್ಯಾಗನ್‌ಗಳ ನಡುವೆ ಬ್ರೇಕಿನ ಗಾಳಿ ಹೋಗುವ ಹೋಸ್ ಪೈಪ್ ಬಿಚ್ಚಬೇಕು ಅನ್ನಿ. ಎರಡೂ ಕಡೆಯ ಆ್ಯಂಗಲ್ ಕಾಕ್, ಅಂದರೆ ಗಾಳಿ ತಡೆಯುವ ನಲ್ಲಿ, ಮೊದಲು ಮುಚ್ಚಬೇಕು, ಆಮೇಲೆ ಪೈಪಿಗೆ ಕೈಹಾಕಬೇಕು. ಈ ಕ್ರಮ ತಪ್ಪಿದರೆ ಪೈಪು ಚಾವಟಿ ಬೀಸಿದ ಹಾಗೆ ಬಂದು ಹೊಡೆಯುತ್ತದೆ, ಪೈಲ್ವಾನನಾದರೂ ಅಷ್ಟೇ. ಸಕಲೇಶಪುರದಿಂದ ಸುಬ್ರಹ್ಮಣ್ಯ ರೋಡ್‌ವರೆಗಿನ ಘಾಟಿಯನ್ನೇ ತೆಗೆದುಕೊಳ್ಳಿ. ಸುಮಾರು 55 ಕಿಲೋಮೀಟರ್, 57 ಸುರಂಗ. 50 ಮೀಟರ್ ಹೋಗುವಷ್ಟರಲ್ಲಿ 1 ಮೀಟರ್ ಇಳಿಯುವ ಇಳಿಜಾರು. ಅಲ್ಲಿ ಇಳಿಯುವಾಗ ಬೇಕಾಗಿರುವುದು ಬ್ರೇಕಿನ ಲೆಕ್ಕಾಚಾರ, ತಾಳ್ಮೆ, ನಿದ್ದೆಗೆಟ್ಟರೂ ಸಿಗ್ನಲ್ ಮೇಲೆ ನೆಟ್ಟಿರುವ ಕಣ್ಣು.

ಹೊಸ ವಿಷಯವೂ ಅಲ್ಲ ಇದು. ಮಹಾರಾಷ್ಟ್ರದ ಸಾತಾರಾದ ಸುರೇಖಾ ಯಾದವ್ 1989ರಲ್ಲೇ ಅಸಿಸ್ಟೆಂಟ್ ಡ್ರೈವರ್ ಆಗಿ ಸೇರಿದರು. ಗೂಡ್ಸ್, ಪ್ಯಾಸೆಂಜರ್ ಎಲ್ಲ ಓಡಿಸಿ, ವಂದೇ ಭಾರತ್ ಕೂಡ ಓಡಿಸಿ, 2025ರಲ್ಲಿ ನಿವೃತ್ತರಾದರು. ಮನೆಯ ಹಿರಿಯರಿಗೆ ಇದನ್ನು ಹೇಳಿ ನೋಡಿ.

ಆದರೆ ಕಷ್ಟ ಇಲ್ಲ ಅಂತ ನಾನು ಹೇಳುತ್ತಿಲ್ಲ. ಅದು ನಿಮ್ಮ ಮನೆಯವರು ತೋರಿಸುತ್ತಿರುವ ಜಾಗದಲ್ಲಿ ಇಲ್ಲ, ಅಷ್ಟೇ.

ಮೊದಲನೆಯದು ಹೊತ್ತುಗೊತ್ತು. ಡ್ಯೂಟಿಗೆ ಸಾಮಾನ್ಯವಾಗಿ ಎರಡು ಗಂಟೆ ಮುಂಚೆ ಕಾಲ್ ಬರುತ್ತದೆ. ರಾತ್ರಿ ಒಂದಕ್ಕೂ ಬರಬಹುದು, ಹಬ್ಬದ ದಿನ ಹೋಳಿಗೆ ತಟ್ಟುವಾಗಲೂ ಬರಬಹುದು. ಲಾಬಿಗೆ (ಡ್ಯೂಟಿಗೆ ಹಾಜರಾಗುವ ಕಚೇರಿ) ಹೋಗಿ, ಕುಡಿದಿಲ್ಲ ಅಂತ ತೋರಿಸಲು ಯಂತ್ರಕ್ಕೆ ಉಸಿರು ಊದಿ, ಸೈನ್ ಆನ್ ಮಾಡಿ ಹೊರಡಬೇಕು. ಬೇರೆ ಊರಿನ ರನ್ನಿಂಗ್ ರೂಮಿನಲ್ಲಿ, ಅಂದರೆ ರೈಲ್ವೆಯ ವಿಶ್ರಾಂತಿ ಕೋಣೆಯಲ್ಲಿ, ಹಗಲು ಹೊತ್ತು ಪರದೆ ಎಳೆದು ನಿದ್ದೆ ಮಾಡುವುದನ್ನು ಕಲಿಯಬೇಕು. ಇದು ಗಂಡಸರಿಗೂ ಇದೆ. ಆದರೆ ಅವರಿಗೆ ಮನೆಯಲ್ಲಿ ಬುತ್ತಿ ಕಟ್ಟಿ, "ಅವರು ಮಲಗಿದ್ದಾರೆ, ಗಲಾಟೆ ಮಾಡಬೇಡಿ" ಅಂತ ಮಕ್ಕಳನ್ನು ಸುಮ್ಮನಿರಿಸುವವರು ಇರುತ್ತಾರೆ. ನಿಮ್ಮ ತಂಗಿ ರಾತ್ರಿಪಾಳಿ ಮುಗಿಸಿ ಬಂದಾಗ ಅವಳಿಗೆ ಹಾಗೆ ಮಾಡುವವರು ಯಾರು? ಈ ಪ್ರಶ್ನೆಯನ್ನು ಮನೆಯಲ್ಲಿ ಕೇಳಿ. ಮುಂದೆ ಗಂಡಿನ ಕಡೆಯವರನ್ನೂ ಕೇಳಿ.

ಎರಡನೆಯದು ಶೌಚಾಲಯ. ನಾಚಿಕೆ ಬಿಟ್ಟು ಹೇಳುತ್ತೇನೆ, ಯಾಕೆಂದರೆ ಸೇರುವ ಮುಂಚೆ ನನಗೆ ಯಾರೂ ಹೇಳಿರಲಿಲ್ಲ. ಈಗೀಗ ಕೆಲವು ಎಂಜಿನ್‌ಗಳಲ್ಲಿ ಹಾಕಿಸುತ್ತಿದ್ದಾರೆ, ಆದರೆ ಬಹಳಷ್ಟು ಎಂಜಿನ್‌ಗಳು ಶೌಚಾಲಯ ಇಲ್ಲದೆಯೇ ತಯಾರಾದವು. ಪ್ಯಾಸೆಂಜರ್ ಗಾಡಿಯಾದರೆ ಸ್ಟೇಷನ್ನಿನಲ್ಲಿ ನಿಂತಾಗ ಹಿಂದಿನ ಕೋಚಿಗೆ ಹೋಗಿ ಬರಬಹುದು. ಗೂಡ್ಸ್‌ನಲ್ಲಿ ಅದೂ ಇಲ್ಲ. ಹಾಗಂತ ನೀರು ಕುಡಿಯುವುದನ್ನೇ ಬಿಡುವ ಹುಡುಗಿಯರಿದ್ದಾರೆ. ಆಮೇಲೆ ಉರಿಮೂತ್ರ, ಜ್ವರ ಅಂತ ರಜೆ ಹಾಕುತ್ತಾರೆ. ಅದರ ಬದಲು ಬಾಯಿ ಬಿಡಬೇಕು. "ಸರ್, ಮುಂದಿನ ಸ್ಟೇಷನ್ನಿನಲ್ಲಿ ಹತ್ತು ನಿಮಿಷ ಬೇಕು" ಅಂತ ಲೋಕೋ ಪೈಲಟ್‌ಗೆ ಹೇಳಿದರೆ ಅವರು ವಾಕಿಟಾಕಿಯಲ್ಲಿ ಸ್ಟೇಷನ್ ಮಾಸ್ಟರ್ ಜೊತೆ ಮಾತಾಡುತ್ತಾರೆ. ಮೊದಲ ಸಲ ನಾಲಿಗೆ ಏಳುವುದಿಲ್ಲ, ನಿಜ. ಇಬ್ಬರು ಹೆಣ್ಣುಮಕ್ಕಳ ತಂದೆಯಾದ ಹಿರಿಯ ಪೈಲಟ್ ಒಬ್ಬರು ನಾನು ಕೇಳುವ ಮೊದಲೇ ಕೇಳುತ್ತಿದ್ದರು. ಎಲ್ಲರೂ ಹಾಗಿರುವುದಿಲ್ಲ.

ಮೂರನೆಯದನ್ನು ಕಷ್ಟ ಅಂತ ಯಾರೂ ಕರೆಯುವುದಿಲ್ಲ, ಆದರೆ ನನ್ನ ಪ್ರಕಾರ ಅದೇ ಎಲ್ಲಕ್ಕಿಂತ ದೊಡ್ಡದು. ಸೇರಿದ ಸ್ವಲ್ಪ ದಿನಕ್ಕೆ ಯಾರೋ ಬಂದು, "ಯಾಕಮ್ಮಾ ಈ ಒದ್ದಾಟ, ಲಾಬಿಯಲ್ಲಿ ಕಂಪ್ಯೂಟರ್ ಮುಂದೆ ಕೂತ್ಕೋ, ಸಾಹೇಬರ ಹತ್ತಿರ ನಾನು ಮಾತಾಡ್ತೀನಿ" ಅನ್ನುತ್ತಾರೆ. ಕಾಳಜಿಯಿಂದಲೇ ಹೇಳುತ್ತಾರೆ ಅಂತಿಟ್ಟುಕೊಳ್ಳಿ. ನನಗೂ ಹೇಳಿದ್ದರು. ನನ್ನ ಬ್ಯಾಚಿನ ಗೆಳತಿಯೊಬ್ಬಳು ಒಪ್ಪಿಕೊಂಡಳು. ಕೂತವಳಿಗೆ ಓಡಿದ ಕಿಲೋಮೀಟರಿಗೆ ಸಿಗುವ ಮೈಲೇಜ್ ಹೋಗುತ್ತದೆ, ಆ ದುಡ್ಡು ಕಡಿಮೆಯೇನಲ್ಲ. ಕೆಲವು ತಿಂಗಳು ಒಂದು ಸೆಕ್ಷನ್‌ನಲ್ಲಿ ಓಡದಿದ್ದರೆ ಮತ್ತೆ ರೋಡ್ ಲರ್ನಿಂಗ್ ಮಾಡಬೇಕು, ಅಂದರೆ ಆ ದಾರಿಯನ್ನು ಹೊಸದಾಗಿ ಓಡಾಡಿ ಕಲಿಯಬೇಕು. ಲೋಕೋ ಪೈಲಟ್ ಆಗಿ ಬಡ್ತಿ ಬೇಕಾದರೆ ಎಂಜಿನ್ನಿನಲ್ಲಿ ಓಡಾಡಿದ ಕಿಲೋಮೀಟರ್ ಲೆಕ್ಕಕ್ಕೆ ಬರುತ್ತದೆ, ಕುರ್ಚಿಯಲ್ಲಿ ಕಳೆದ ವರ್ಷ ಬರುವುದಿಲ್ಲ. ಕೊನೆಗೆ ಅದೇ ಜನ "ನೋಡಿ, ಹೆಂಗಸರಿಗೆ ಬಡ್ತಿ ಬೇಕು, ಗಾಡಿ ಬೇಡ" ಅಂತ ಶುರು ಮಾಡುತ್ತಾರೆ. ಬಸಿರು, ಬಾಣಂತನ, ಕಾಯಿಲೆ ಇದ್ದಾಗ ಕೂತು ಮಾಡುವ ಕೆಲಸ ಬೇಕೇ ಬೇಕು, ಅದನ್ನು ಕೇಳಿ ಪಡೆಯಬೇಕು. ಆದರೆ ಕೇಳದೆ ಸುಮ್ನೆ ಕೊಟ್ಟಿದ್ದನ್ನು ತೆಗೆದುಕೊಳ್ಳಬಾರದು.

ರಾತ್ರಿ ಭಯದ ಬಗ್ಗೆಯೂ ಕೇಳಿದ್ದೀರಿ. ಎಂಜಿನ್ನಿನಲ್ಲಿ ಇಬ್ಬರಿರುತ್ತೀರಿ, ಒಂದೊಂದು ಸಿಗ್ನಲ್ಲನ್ನೂ ಇಬ್ಬರೂ ಬಾಯಿಬಿಟ್ಟು ಹೇಳಬೇಕು, ಭಯಕ್ಕೆ ಪುರುಸೊತ್ತಿಲ್ಲ. ನಡುದಾರಿಯಲ್ಲಿ ಗೂಡ್ಸ್ ನಿಂತುಬಿಟ್ಟಾಗ ಮಾತ್ರ ಬೇರೆ. ಟಾರ್ಚ್ ಹಿಡಿದು ಜಲ್ಲಿಯ ಮೇಲೆ 58 ವ್ಯಾಗನ್ ಉದ್ದಕ್ಕೂ, ಅಂದರೆ 600 ಮೀಟರಿಗಿಂತ ಜಾಸ್ತಿ, ಬಗ್ಗಿ ಬಗ್ಗಿ ನೋಡುತ್ತಾ ನಡೆಯಬೇಕು. ನನಗೆ ಹಾವಿನ ಹೆದರಿಕೆ, ಇವತ್ತಿಗೂ. ಒಳ್ಳೆಯ ಶೂ ಕೊಡಿಸಿ.

ಅದಕ್ಕಿಂತ ಕಷ್ಟದ್ದು ಹಳಿಗೆ ಬಂದು ಬೀಳುವವರನ್ನು ನೋಡುವುದು. ಬ್ರೇಕ್ ಹಾಕಿದರೂ ಗಾಡಿ ತಕ್ಷಣ ನಿಲ್ಲುವುದಿಲ್ಲ. ಈ ಕೆಲಸದಲ್ಲಿ ಹೆಚ್ಚಿನವರು ಒಂದಲ್ಲ ಒಂದು ದಿನ ಅದನ್ನು ನೋಡುತ್ತಾರೆ, ಗಂಡಸರೂ ಮೂರು ದಿನ ಊಟ ಬಿಡುತ್ತಾರೆ. ಅವಳಿಗೆ ಈಗಲೇ ಹೇಳಿಟ್ಟಿರಿ.

ಮೆಡಿಕಲ್ ಬಗ್ಗೆ ಒಂದು ಮಾತು. ಈ ಕೆಲಸಕ್ಕೆ ರೈಲ್ವೆಯ ಎ-1 ದರ್ಜೆಯ ಪರೀಕ್ಷೆ, ಕನ್ನಡಕ ಇಲ್ಲದೆ ಎರಡೂ ಕಣ್ಣು 6/6 ಇರಬೇಕು, ಬಣ್ಣಗಳೂ ಸರಿಯಾಗಿ ಕಾಣಬೇಕು. ಕನ್ನಡಕ ಬಿಡಲು ಲೇಸಿಕ್ (ಕಣ್ಣಿನ ಲೇಸರ್ ಆಪರೇಷನ್) ಮಾಡಿಸಿಕೊಂಡವರನ್ನು ತೆಗೆದುಕೊಳ್ಳುವುದಿಲ್ಲ, ಹಾಗಾಗಿ ಯಾರದೋ ಮಾತು ಕೇಳಿ ಆಪರೇಷನ್‌ಗೆ ಓಡಬೇಡಿ. ಇವತ್ತೇ ಕಣ್ಣಿನ ಡಾಕ್ಟರ ಹತ್ತಿರ ಒಮ್ಮೆ ತೋರಿಸಿ.

ಇನ್ನು "ಕಳಿಸಬಹುದಾ" ಅಂತ ಕೇಳಿದಿರಲ್ಲ. ಪರೀಕ್ಷೆ ಬರೆದು ಪಾಸಾದವಳು ಅವಳು. ರನ್ನಿಂಗ್ ರೂಮ್, ರಜೆ, ಸಂಬಳದ ಬಗ್ಗೆ ಏನೇ ಅನುಮಾನ ಇದ್ದರೂ ಮುಂದಿನ ಪ್ರಶ್ನೆಯನ್ನು ಅವಳೇ ಕೇಳಲಿ. ಡ್ಯೂಟಿಯಲ್ಲಿದ್ದರೆ ಉತ್ತರ ತಡವಾಗಬಹುದು, ಆದರೆ ಕೊಡುತ್ತೇನೆ.